ಗಗೌಜ್ ಜನರಿಗೆ ಸ್ವಾಯತ್ತತೆ ಸಿಕ್ಕಿ 30 ವರ್ಷ: ಜಗಳ ಯಾಕೆ ಮುಗಿದಿಲ್ಲ?

ಪ್ರಶ್ನೆ: ಮೊಲ್ಡೋವಾ ದೇಶದ ಗಗೌಜಿಯಾ ಎಂಬ ಪ್ರಾಂತ್ಯದ ಮುಖ್ಯಸ್ಥೆಗೆ 7 ವರ್ಷ ಜೈಲು ಶಿಕ್ಷೆ ಆಯಿತು ಎಂದು ಓದಿದೆ. ಹುಡುಕಿ ನೋಡಿದರೆ, ಈ ಜನರಿಗೆ 1994ರಲ್ಲೇ ಸ್ವಾಯತ್ತತೆ ಸಿಕ್ಕಿದೆ ಅಂತ ಇದೆ. ಹಾಗಾದರೆ ಕೇಂದ್ರ ಸರ್ಕಾರದ ಜೊತೆ ಇನ್ನೂ ಯಾವುದಕ್ಕೆ ಜಗಳ? ಇವರು ಮಾತಾಡುವುದು ತುರ್ಕಿ ಥರದ ಭಾಷೆ, ಆದರೂ ರಷ್ಯಾ ಕಡೆಗೆ ಒಲವು ಯಾಕೆ? ಆ ನಾಯಕಿಯ ಜೈಲು ಶಿಕ್ಷೆ ನ್ಯಾಯವೋ, ರಾಜಕೀಯವೋ? ಮುಂದೆ ಇದೂ ಒಂದು ಪ್ರತ್ಯೇಕ ದೇಶ ಆಗುತ್ತಾ?

ಉತ್ತರ: ಮೊದಲು ಚಿಕ್ಕ ಉತ್ತರ ಹೇಳಿಬಿಡುತ್ತೇನೆ. 1994ರ ಕಾನೂನು ಒಳ್ಳೆಯದೇ. ಯುದ್ಧ ಆಗಬಹುದಾಗಿದ್ದ ಜಾಗದಲ್ಲಿ ಯುದ್ಧ ಆಗದಂತೆ ನೋಡಿಕೊಂಡ ಕಾನೂನು ಅದು. ಆದರೆ ಅದನ್ನು ಬರೆದವರು ಅಧಿಕಾರಗಳ ಪಟ್ಟಿ ಕೊಟ್ಟರೇ ಹೊರತು, ಆ ಅಧಿಕಾರ ಎಲ್ಲಿಂದ ಎಲ್ಲಿಯವರೆಗೆ ಎಂದು ಬರೆಯಲಿಲ್ಲ. ಆ ಖಾಲಿ ಜಾಗವನ್ನು 30 ವರ್ಷಗಳಿಂದ ಎರಡೂ ಕಡೆಯವರು ತಮಗೆ ಬೇಕಾದ ಹಾಗೆ ತುಂಬಿಕೊಳ್ಳುತ್ತಾ ಬಂದಿದ್ದಾರೆ. ನೀವು ಓದಿದ ಜೈಲು ಸುದ್ದಿ ಕೂಡ ಅದರೊಳಗೇ ಬರುತ್ತದೆ. ಇನ್ನು ವಿವರವಾಗಿ ನೋಡೋಣ.

ಮೊಲ್ಡೋವಾ ಇರುವುದು ರೊಮೇನಿಯಾ ಮತ್ತು ಉಕ್ರೇನ್ ನಡುವೆ. ಅದರ ದಕ್ಷಿಣ ತುದಿಯ ಒಣ ಹುಲ್ಲುಗಾವಲು ಪ್ರದೇಶಕ್ಕೆ ಬುಜಾಕ್ ಎಂದು ಹೆಸರು. ಗಗೌಜಿಯಾ ಇರುವುದು ಅಲ್ಲೇ. ವಿಸ್ತೀರ್ಣ 1,832 ಚದರ ಕಿಲೋಮೀಟರ್. ಅದೂ ಒಂದೇ ತುಂಡಾಗಿ ಇಲ್ಲ, ನಾಲ್ಕು ತುಂಡುಗಳಾಗಿ ಹರಡಿಕೊಂಡಿದೆ. ಕೊಮ್ರಾತ್ ಅದರ ರಾಜಧಾನಿ. ಚಾದಿರ್-ಲುಂಗಾ, ವುಲ್ಕಾನೆಷ್ಟಿ ಎಂಬ ಇನ್ನೆರಡು ಪಟ್ಟಣಗಳಿವೆ. ಉಳಿದದ್ದೆಲ್ಲ ಹಳ್ಳಿ, ದ್ರಾಕ್ಷಿ ತೋಟ, ಗೋಧಿ ಮತ್ತು ಸೂರ್ಯಕಾಂತಿ ಹೊಲ. 2014ರ ಜನಗಣತಿಯಲ್ಲಿ ಇಲ್ಲಿ ಸುಮಾರು 1.34 ಲಕ್ಷ ಜನ ಇದ್ದರು. ಹತ್ತು ವರ್ಷದ ನಂತರದ ಎಣಿಕೆಯಲ್ಲಿ ಅದು ಲಕ್ಷ ಚಿಲ್ಲರೆಗೆ ಇಳಿಯಿತು. ದುಡಿಯುವ ವಯಸ್ಸಿನವರು ಹೊರಗೆ ಹೋಗಿದ್ದಾರೆ. ಗಂಡಸರಲ್ಲಿ ಬಹಳ ಮಂದಿ ರಷ್ಯಾದಲ್ಲಿ ಕಟ್ಟಡ ಕೆಲಸಕ್ಕೆ ಹೋದರು. ಹೆಂಗಸರು ಇಸ್ತಾಂಬುಲ್‌ನ ಮನೆಗಳಲ್ಲಿ ಮಕ್ಕಳನ್ನೋ ವಯಸ್ಸಾದವರನ್ನೋ ನೋಡಿಕೊಳ್ಳುವ ಕೆಲಸಕ್ಕೆ ಹೋದರು. ಭಾಷೆ ಹತ್ತಿರದ್ದು, ಹಾಗಾಗಿ ಅಲ್ಲಿ ಕೆಲಸ ಸುಲಭವಾಗಿ ಸಿಗುತ್ತದೆ.

ಗಗೌಜ್ ಭಾಷೆ ತುರ್ಕಿ ಭಾಷೆಗೆ ಬಹಳ ಹತ್ತಿರ. ಆದರೆ ಈ ಜನ ಮುಸ್ಲಿಮರಲ್ಲ, ಆರ್ಥೊಡಾಕ್ಸ್ ಕ್ರೈಸ್ತರು. ತಮ್ಮ ಪ್ರಾರ್ಥನೆಯಲ್ಲಿ ದೇವರನ್ನು ಅಲ್ಲಾ ಎಂದೇ ಕರೆಯುತ್ತಾರೆ. ಇವರ ಮೂಲ ಯಾವುದು ಎಂಬ ಬಗ್ಗೆ ಪಂಡಿತರು ಇನ್ನೂ ಒಪ್ಪಿಕೊಂಡಿಲ್ಲ. 13ನೇ ಶತಮಾನದಲ್ಲಿ ಬಂದ ಸೆಲ್ಜುಕ್ ತುರ್ಕರ ಸಂತತಿ ಎನ್ನುವವರಿದ್ದಾರೆ, ತುರ್ಕಿ ಭಾಷೆ ಕಲಿತ ಬಲ್ಗೇರಿಯನ್ನರು ಎನ್ನುವವರೂ ಇದ್ದಾರೆ. ಆ ಚರ್ಚೆ ನಮಗೆ ಇಲ್ಲಿ ಬೇಡ. ಬೇಕಾಗಿರುವುದು ಒಂದೇ ವಿಷಯ. 18ನೇ ಶತಮಾನದ ಕೊನೆ ಮತ್ತು 19ನೇ ಶತಮಾನದ ಮೊದಲಲ್ಲಿ ಇವರು ಈಗಿನ ಬಲ್ಗೇರಿಯಾ ಕಡೆಯಿಂದ, ಅಂದರೆ ಒಟ್ಟೋಮನ್ ಆಳ್ವಿಕೆಯ ನೆಲದಿಂದ, ಬುಜಾಕ್‌ಗೆ ವಲಸೆ ಬಂದರು. 1812ರಲ್ಲಿ ಆ ನೆಲ ರಷ್ಯಾ ಸಾಮ್ರಾಜ್ಯದ ಕೈಗೆ ಹೋಗಿತ್ತು. ಅಲ್ಲಿದ್ದ ನೊಗಾಯ್ ತಾತಾರರನ್ನು ಸಾಮ್ರಾಜ್ಯ ಹೊರಹಾಕಿತ್ತು. ಖಾಲಿ ಬಿದ್ದ ಹೊಲಗಳಲ್ಲಿ ಈ ವಲಸಿಗರಿಗೆ ಜಮೀನು ಕೊಟ್ಟಿತು, ತೆರಿಗೆ ರಿಯಾಯಿತಿಯನ್ನೂ ಕೊಟ್ಟಿತು. ರಷ್ಯಾ ಅಂದರೆ ನಮಗೆ ನೆಲ ಕೊಟ್ಟವರು ಎಂಬ ನೆನಪು ಅಲ್ಲಿಂದ ಶುರುವಾಯಿತು.

1918ರಿಂದ 1940ರವರೆಗೆ ಈ ಪ್ರದೇಶ ರೊಮೇನಿಯಾದ ಆಳ್ವಿಕೆಯಲ್ಲಿತ್ತು. ಹಳ್ಳಿಗಳಲ್ಲಿ ಆ ಕಾಲವನ್ನು ರೊಮೇನಿಯನ್ ಪೊಲೀಸರ ದಬ್ಬಾಳಿಕೆಯ ಕಾಲ ಎಂದೇ ನೆನೆಯುತ್ತಾರೆ. ಆಮೇಲೆ ಸೋವಿಯತ್ ಆಳ್ವಿಕೆ ಬಂತು. 1946-47ರ ಬರಗಾಲದಲ್ಲಿ ಸೋವಿಯತ್ ಅಧಿಕಾರಿಗಳು ಧಾನ್ಯ ವಸೂಲಿ ನಿಲ್ಲಿಸಲಿಲ್ಲ. ಬುಜಾಕ್‌ನ ಹಳ್ಳಿಗಳಲ್ಲಿ ಹಸಿವಿನಿಂದ ಸತ್ತವರ ಪ್ರಮಾಣ ಮೊಲ್ಡೋವಾದ ಬೇರೆ ಕಡೆಗಿಂತ ಜಾಸ್ತಿ. 1949ರಲ್ಲಿ ಅನೇಕ ಕುಟುಂಬಗಳನ್ನು ಸೈಬೀರಿಯಾ ಕಡೆಗೆ ಗಡೀಪಾರು ಮಾಡಲಾಯಿತು. ಇಷ್ಟೆಲ್ಲ ಆದರೂ ಸೋವಿಯತ್ ಕಾಲದ ಬಗ್ಗೆ ಇಂದಿಗೂ ಅಲ್ಲಿ ಪ್ರೀತಿ ಇದೆ. ಬರಗಾಲದ ನಂತರ ಹುಟ್ಟಿದ ಪೀಳಿಗೆ ಕಂಡದ್ದು ರಸ್ತೆ, ಆಸ್ಪತ್ರೆ, ವೈನ್ ಕಾರ್ಖಾನೆ, ನಿಗದಿಯಾಗಿ ಬರುವ ಸಂಬಳ. 1991ರ ನಂತರ ಬಂದದ್ದು ಬಡತನ. ಜನ ತಾವು ಕಂಡದ್ದನ್ನೇ ನಂಬುತ್ತಾರೆ, ಅಲ್ವಾ.

ಈಗ ಜಗಳದ ಮೂಲಕ್ಕೆ ಬರೋಣ. 1988-89ರಲ್ಲಿ ಸೋವಿಯತ್ ಒಕ್ಕೂಟ ಸಡಿಲವಾಗುತ್ತಿತ್ತು. ಮೊಲ್ಡೋವಾದ ಬಹುಸಂಖ್ಯಾತರು ತಮ್ಮ ಭಾಷೆಗೆ, ಅಂದರೆ ರೊಮೇನಿಯನ್‌ಗೆ, ಸ್ಥಾನ ಬೇಕು ಎಂದು ಬೀದಿಗೆ ಇಳಿದರು. ಅವರ ಬೇಡಿಕೆ ನ್ಯಾಯವಾದದ್ದೇ. ಅಷ್ಟು ದಿನ ತಮ್ಮ ನೆಲದಲ್ಲೇ ಅವರ ಭಾಷೆ ಎರಡನೇ ಸಾಲಿನಲ್ಲಿತ್ತು. 1989ರ ಆಗಸ್ಟ್ 31ರಂದು ಅದು ರಾಜ್ಯಭಾಷೆ ಆಯಿತು. ಆದರೆ ಅದೇ ಚಳವಳಿಯ ಒಂದು ಭಾಗ ರೊಮೇನಿಯಾ ಜೊತೆ ಸೇರುವ ಮಾತನ್ನೂ ಆಡುತ್ತಿತ್ತು. ಕೊಮ್ರಾತ್‌ನಲ್ಲಿ ಇದನ್ನು ಕೇಳಿದವರಿಗೆ 1918ರ ನಂತರದ ದಿನಗಳು ನೆನಪಾದವು. ಗಗೌಜ್ ಜನರಲ್ಲಿ ರೊಮೇನಿಯನ್ ಬಲ್ಲವರು ಕಡಿಮೆ. ಓದಿದ್ದೆಲ್ಲ ರಷ್ಯನ್‌ನಲ್ಲಿ. ನಾಳೆಯಿಂದ ಕಚೇರಿ ಕೆಲಸ, ಬಡ್ತಿ ಎಲ್ಲ ಕೈತಪ್ಪುತ್ತದೆ ಎಂಬ ಭಯ ಹುಟ್ಟಿತು.

'ಗಗೌಜ್ ಹಾಲ್ಕಿ' ಎಂಬ ಸಂಘಟನೆ ಆಗ ಮುಂದೆ ಬಂತು. 1989ರ ನವೆಂಬರ್ 12ರಂದು ಅವರು ಮೊಲ್ಡೋವಾದ ಒಳಗೇ ಒಂದು ಸ್ವಾಯತ್ತ ಗಣರಾಜ್ಯ ಘೋಷಿಸಿದರು. ಮೊಲ್ಡೋವಾದ ರಾಜಧಾನಿ ಕಿಶಿನೌ, ಅಂದರೆ ಕೇಂದ್ರ ಸರ್ಕಾರ, ಅದನ್ನು ಒಪ್ಪಲಿಲ್ಲ. 1990ರ ಆಗಸ್ಟ್ 19ರಂದು ಒಂದು ಹೆಜ್ಜೆ ಮುಂದೆ ಹೋಗಿ, ಮೊಲ್ಡೋವಾದಿಂದ ಹೊರಗೆ, ಸೋವಿಯತ್ ಒಕ್ಕೂಟದ ಒಳಗೆ ಪ್ರತ್ಯೇಕ ಗಣರಾಜ್ಯ ಎಂದು ಘೋಷಿಸಿದರು. ಅಕ್ಟೋಬರ್ ಕೊನೆಗೆ ತಮ್ಮದೇ ಚುನಾವಣೆ ಕೂಡ ಇಟ್ಟುಕೊಂಡರು. ಆಗ ಮೊಲ್ಡೋವಾದ ಪ್ರಧಾನಿ ಮಿರ್ಚಾ ಡ್ರುಕ್. ಚುನಾವಣೆ ನಿಲ್ಲಿಸಲು ಸಾವಿರಾರು ಸ್ವಯಂಸೇವಕರನ್ನು ಬಸ್ಸುಗಳಲ್ಲಿ ದಕ್ಷಿಣಕ್ಕೆ ಕಳಿಸಲಾಯಿತು. ಗಗೌಜ್ ಹಳ್ಳಿಗಳಲ್ಲೂ ಜನ ಸಿಕ್ಕಿದ್ದನ್ನು ಹಿಡಿದು ನಿಂತರು. ಮೊಲ್ಡೋವಾದ ಪೂರ್ವ ಅಂಚಿನಲ್ಲಿ ಇದೇ ರೀತಿ ಬೇರೆಯಾಗಲು ಹೊರಟಿದ್ದ ಟ್ರಾನ್ಸ್‌ನಿಸ್ಟ್ರಿಯಾದಿಂದ ಅವರ ನೆರವಿಗೆ ಇನ್ನಷ್ಟು ಜನ ಬಂದರು. ಸೋವಿಯತ್ ಪಡೆಗಳು ಮಧ್ಯೆ ಬಂದು ನಿಂತವು. ದೊಡ್ಡ ಹೊಡೆದಾಟ ಆಗದೆ ಎಲ್ಲರೂ ವಾಪಸ್ ಹೋದರು. ಆದರೆ ಆ ಬಸ್ಸುಗಳ ಸಾಲನ್ನು ಆ ಭಾಗದ ಜನ ಮರೆತಿಲ್ಲ. ಕಿಶಿನೌ ಏನೇ ತಿದ್ದುಪಡಿ ತಂದರೂ ಕೊಮ್ರಾತ್‌ನಲ್ಲಿ ಮೊದಲು ಏಳುವುದು ಅನುಮಾನ. ಅದಕ್ಕೆ ಈ ಒಂದು ವಾರದ ನೆನಪೂ ಕಾರಣ.

1991ರಲ್ಲಿ ಸೋವಿಯತ್ ಒಕ್ಕೂಟವೇ ಇಲ್ಲವಾಯಿತು. ಯಾವ ದೇಶವೂ ಒಪ್ಪದ ಒಂದು ಗಣರಾಜ್ಯ ಕೊಮ್ರಾತ್‌ನಲ್ಲಿ ಉಳಿಯಿತು. ಸ್ಟೆಪಾನ್ ತೊಪಾಲ್ ಅದರ ಅಧ್ಯಕ್ಷ. 1992ರಲ್ಲಿ ಟ್ರಾನ್ಸ್‌ನಿಸ್ಟ್ರಿಯಾದಲ್ಲಿ ಯುದ್ಧವೇ ನಡೆಯಿತು, ನೂರಾರು ಜನ ಸತ್ತರು. ಗಗೌಜಿಯಾದಲ್ಲಿ ಹಾಗೆ ಆಗಲಿಲ್ಲ. ಟ್ರಾನ್ಸ್‌ನಿಸ್ಟ್ರಿಯಾದಲ್ಲಿ ರಷ್ಯಾದ ಸೈನ್ಯ ಇತ್ತು, ಭಾರೀ ಕಾರ್ಖಾನೆಗಳಿದ್ದವು, ವಿದ್ಯುತ್ ಸ್ಥಾವರ ಇತ್ತು. ಇಲ್ಲಿ ಇದ್ದದ್ದು ಹೊಲ ಮತ್ತು ಕೆಲವೇ ಬಂದೂಕು. ಅದಕ್ಕಿಂತ ಮುಖ್ಯವಾಗಿ, ಎರಡೂ ಕಡೆ ಮಾತಿಗೆ ಕೂರುವ ಮನಸ್ಸಿದ್ದವರು ಸಿಕ್ಕರು. ಮೊಲ್ಡೋವಾದ ಅಧ್ಯಕ್ಷ ಮಿರ್ಚಾ ಸ್ನೆಗುರ್ ಮಾತುಕತೆಗೆ ಸಿದ್ಧರಿದ್ದರು. 1994ರ ಚುನಾವಣೆಯಲ್ಲಿ ರೊಮೇನಿಯಾ ಜೊತೆ ಸೇರುವ ಮಾತಾಡುತ್ತಿದ್ದವರು ಸೋತರು. ತುರ್ಕಿಯ ಅಧ್ಯಕ್ಷ ಸುಲೇಮಾನ್ ಡೆಮಿರೆಲ್ ಅದೇ ವರ್ಷ ಇಲ್ಲಿಗೆ ಬಂದು, ಮೊಲ್ಡೋವಾದ ಒಳಗೇ ಇರಿ, ನಿಮಗೆ ಬೇಕಾದ್ದನ್ನು ಮಾತಾಡಿ ಪಡೆಯಿರಿ ಎಂಬ ಅರ್ಥದಲ್ಲಿ ಬುದ್ಧಿ ಹೇಳಿದರು. 1994ರ ಡಿಸೆಂಬರ್ 23ರಂದು ಮೊಲ್ಡೋವಾ ಸಂಸತ್ತು ಗಗೌಜಿಯಾದ ವಿಶೇಷ ಸ್ಥಾನಮಾನದ ಕಾನೂನು ಮಾಡಿತು. ಗಗೌಜರು ತಮ್ಮ ಗಣರಾಜ್ಯವನ್ನು ತಾವೇ ಮುಚ್ಚಿದರು, ಬಂದೂಕು ಕೆಳಗಿಟ್ಟರು. ಸೋವಿಯತ್ ಒಕ್ಕೂಟ ಒಡೆದಾಗ ಎದ್ದ ಇಂಥ ಜಗಳಗಳಲ್ಲಿ ಶಾಂತಿಯಿಂದ ಒಪ್ಪಂದಕ್ಕೆ ಬಂದವು ಬಹಳ ಕಡಿಮೆ. ಆ ಸಾಧನೆಯನ್ನು ಇವತ್ತಿನ ಗಲಾಟೆಯಲ್ಲಿ ಯಾರೂ ನೆನೆಯುತ್ತಿಲ್ಲ. ನನಗೆ ಅದು ಬೇಸರದ ವಿಷಯ.

ಕಾನೂನಿನಲ್ಲಿ ಏನಿದೆ ಎಂದು ನೋಡಿ. ಗಗೌಜರು ಅರ್ಧಕ್ಕಿಂತ ಹೆಚ್ಚಿರುವ ಊರುಗಳು ನೇರವಾಗಿ ಸ್ವಾಯತ್ತ ಪ್ರಾಂತ್ಯಕ್ಕೆ ಸೇರುತ್ತವೆ. ಉಳಿದ ಊರುಗಳು ಮತದಾನ ಮಾಡಿ ಸೇರಬಹುದು. 1995ರ ಮಾರ್ಚ್‌ನಲ್ಲಿ ಆ ಮತದಾನ ನಡೆಯಿತು. ನಕ್ಷೆಯಲ್ಲಿ ಅದು ನಾಲ್ಕು ತುಂಡಾಗಿರುವುದು ಹೀಗೆ ಊರು ಊರಾಗಿ ಸೇರಿದ್ದರಿಂದಲೇ. 35 ಸದಸ್ಯರ ಒಂದು ಜನಸಭೆ ಇದೆ. ಜನರೇ ನೇರವಾಗಿ ಆರಿಸುವ ಮುಖ್ಯಸ್ಥರಿಗೆ ಬಾಷ್ಕಾನ್ ಎಂದು ಹೆಸರು. ಅವರಿಗೆ ಗಗೌಜ್ ಭಾಷೆ ಬರಲೇಬೇಕು. ಬಾಷ್ಕಾನ್ ಆದವರು ಮೊಲ್ಡೋವಾ ಸಚಿವ ಸಂಪುಟದ ಸದಸ್ಯರೂ ಆಗುತ್ತಾರೆ. ಗಗೌಜ್, ರೊಮೇನಿಯನ್, ರಷ್ಯನ್ ಮೂರೂ ಅಧಿಕೃತ ಭಾಷೆಗಳು. ಶಿಕ್ಷಣ, ಸಂಸ್ಕೃತಿ, ಆರೋಗ್ಯ, ಸ್ಥಳೀಯ ಬಜೆಟ್, ತೆರಿಗೆ, ಆರ್ಥಿಕತೆ ಇವೆಲ್ಲದರಲ್ಲೂ ಜನಸಭೆ ಸ್ಥಳೀಯ ಕಾನೂನು ಮಾಡಬಹುದು. ಮೊಲ್ಡೋವಾದ ಸ್ವತಂತ್ರ ದೇಶ ಎಂಬ ಸ್ಥಾನ ಬದಲಾದರೆ, ಅಂದರೆ ರೊಮೇನಿಯಾ ಜೊತೆ ಸೇರಿದರೆ, ಗಗೌಜಿಯಾ ತನ್ನ ದಾರಿ ತಾನು ನೋಡಿಕೊಳ್ಳಬಹುದು ಎಂಬ ಮಾತು ಮೊದಲ ವಿಧಿಯಲ್ಲೇ ಇದೆ. ಜನರ ಭಯಕ್ಕೆ ನೇರ ಉತ್ತರ ಅದು.

ಓದಲು ಚೆನ್ನಾಗಿದೆ, ಅಲ್ವಾ? ತೊಂದರೆ ಇರುವುದು ಬರೆಯದೆ ಬಿಟ್ಟ ಜಾಗದಲ್ಲಿ. ಶಿಕ್ಷಣದಲ್ಲಿ ಅಧಿಕಾರ ಎಂದಿದೆ. ಪಠ್ಯಕ್ರಮ ಯಾರದು? ಪರೀಕ್ಷೆ ಯಾರದು? ಶಾಲೆ ಮುಚ್ಚುವ ನಿರ್ಧಾರ ಯಾರದು? ಅದು ಅಲ್ಲಿಲ್ಲ. 2003ರಲ್ಲಿ ಈ ಸ್ವಾಯತ್ತತೆಯನ್ನು ಸಂವಿಧಾನದ 111ನೇ ವಿಧಿಗೆ ಸೇರಿಸಲಾಯಿತು. ವಿಶೇಷ ಕಾನೂನನ್ನು ತಿದ್ದಬೇಕಾದರೆ 101 ಸದಸ್ಯರ ಸಂಸತ್ತಿನಲ್ಲಿ ಐದರಲ್ಲಿ ಮೂರು ಭಾಗ ಮತ ಬೇಕು. ಇದು ಗಟ್ಟಿ ರಕ್ಷಣೆ ಎಂದು ಕಾಣುತ್ತದೆ. ಆದರೆ ಸಂಸತ್ತು ಆ ಕಾನೂನನ್ನು ಮುಟ್ಟುವ ಅಗತ್ಯವೇ ಬೀಳಲಿಲ್ಲ. ಶಿಕ್ಷಣ ಸಂಹಿತೆ, ತೆರಿಗೆ ಸಂಹಿತೆ, ಸ್ಥಳೀಯ ಹಣಕಾಸು ಕಾನೂನು ಇಂಥವನ್ನು ಸಾಮಾನ್ಯ ಬಹುಮತದಿಂದ ಮಾಡಿದರೆ ಸಾಕು. ಅವುಗಳಲ್ಲಿ ಗಗೌಜಿಯಾದ ಹೆಸರೇ ಇಲ್ಲದಿದ್ದರೆ ಆಯಿತು. ನಮ್ಮದು ವಿಶೇಷ ಕಾನೂನು, ಅದೇ ಮೇಲು ಎಂದು ಕೊಮ್ರಾತ್ ಹೇಳುತ್ತದೆ. ಇಡೀ ದೇಶಕ್ಕೆ ಒಂದೇ ಕಾನೂನು ಎಂದು ಕಿಶಿನೌ ಹೇಳುತ್ತದೆ. ವಿವಾದ ಬಂದರೆ ಸಾಂವಿಧಾನಿಕ ನ್ಯಾಯಾಲಯಕ್ಕೆ ಹೋಗುವ ಹಕ್ಕು ಜನಸಭೆಗೆ ಇದೆ. ಆ ನ್ಯಾಯಾಲಯದಲ್ಲಿ 6 ನ್ಯಾಯಾಧೀಶರು. ಇಬ್ಬರನ್ನು ಸಂಸತ್ತು, ಇಬ್ಬರನ್ನು ಸರ್ಕಾರ, ಇಬ್ಬರನ್ನು ನ್ಯಾಯಾಂಗದ ಮಂಡಳಿ ನೇಮಿಸುತ್ತದೆ. ಗಗೌಜಿಯಾಗೆ ಅದರಲ್ಲಿ ಪಾಲಿಲ್ಲ. ಸಂಸತ್ತಿನಲ್ಲೂ ಅದಕ್ಕೆ ಮೀಸಲು ಸ್ಥಾನಗಳಿಲ್ಲ. ಇಂಥ ನ್ಯಾಯಾಲಯ ಕಾನೂನಿನ ಪ್ರಕಾರ ಸರಿಯಾದ ತೀರ್ಪನ್ನೇ ಕೊಟ್ಟರೂ ಕೊಮ್ರಾತ್‌ನ ಜನ ನಂಬುವುದು ಕಷ್ಟ.

ಎಲ್ಲಕ್ಕಿಂತ ಗಟ್ಟಿ ಉದಾಹರಣೆ ಹಣದ್ದು. ಗಗೌಜಿಯಾದಲ್ಲಿ ವಸೂಲಾದ ಆದಾಯ ತೆರಿಗೆ, ಮೌಲ್ಯವರ್ಧಿತ ತೆರಿಗೆ ಇವು ಅಲ್ಲಿಯ ಬಜೆಟ್‌ಗೇ ಹೋಗುತ್ತಿದ್ದವು. ಮೊಲ್ಡೋವಾದ ಬೇರೆ ಯಾವ ಜಿಲ್ಲೆಗೂ ಈ ಅನುಕೂಲ ಇಲ್ಲ. ಈಗ ಒಂದು ವೈನ್ ಕಂಪನಿಯನ್ನೇ ತೆಗೆದುಕೊಳ್ಳಿ. ಅದು ಬಾಟಲಿ, ಯಂತ್ರ, ದ್ರಾಕ್ಷಿ ಕೊಳ್ಳುವಾಗ ತೆರಿಗೆ ಕಟ್ಟುತ್ತದೆ. ವೈನನ್ನು ಹೊರದೇಶಕ್ಕೆ ಕಳಿಸಿದರೆ ಕಟ್ಟಿದ ತೆರಿಗೆ ವಾಪಸ್ ಸಿಗಬೇಕು. ತೆರಿಗೆ ಬರುತ್ತಿದ್ದದ್ದು ಗಗೌಜಿಯಾ ಬಜೆಟ್‌ಗೆ, ವಾಪಸ್ ಹೋಗುತ್ತಿದ್ದದ್ದು ಕೇಂದ್ರದ ಬಜೆಟ್‌ನಿಂದ. ಇದು ಸರಿಯಲ್ಲ, ತೆರಿಗೆ ಪಡೆದವರೇ ವಾಪಸ್ ಕೊಡಲಿ ಎಂದು 2023ರ ಕೊನೆಯಲ್ಲಿ ಸಂಸತ್ತು ನಿಯಮ ಬದಲಿಸಿತು. ಲೆಕ್ಕವಾಗಿ ನೋಡಿದರೆ ಕೇಂದ್ರದ ವಾದದಲ್ಲಿ ಹುರುಳಿದೆ. ನಾನು ಅದನ್ನು ಒಪ್ಪುತ್ತೇನೆ. ಆದರೆ ಮಾಡಿದ ರೀತಿ ನೋಡಿ. ಜನಸಭೆಯ ಜೊತೆ ಕೂತು ಒಪ್ಪಿಸಿ, ಹಂತಹಂತವಾಗಿ ತರಬಹುದಿತ್ತು. ಹಾಗೆ ಮಾಡದೆ ಸಂಸತ್ತಿನಲ್ಲಿ ಮತ ಹಾಕಿ ಮುಗಿಸಿದರು. ಕೊಮ್ರಾತ್‌ನಲ್ಲಿ ಇದು ಲೆಕ್ಕದ ತಿದ್ದುಪಡಿಯಾಗಿ ಉಳಿಯಲಿಲ್ಲ. ನಮ್ಮ ಹಕ್ಕು ಕಿತ್ತುಕೊಂಡರು ಎಂಬ ಕೂಗಾಗಿ ಬದಲಾಯಿತು.

ನೇಮಕಗಳ ಕಥೆಯೂ ಹೀಗೇ. 1994ರ ಕಾನೂನಿನ ಪ್ರಕಾರ ಗಗೌಜಿಯಾದ ಪೊಲೀಸ್ ಮುಖ್ಯಸ್ಥ, ಭದ್ರತಾ ಇಲಾಖೆ ಮುಖ್ಯಸ್ಥ, ಪ್ರಾಸಿಕ್ಯೂಟರ್ ಇವರ ನೇಮಕದಲ್ಲಿ ಸ್ಥಳೀಯರ ಮಾತು ನಡೆಯಬೇಕು. ಆದರೆ ಆಮೇಲೆ ಇಡೀ ದೇಶದಲ್ಲಿ ಪೊಲೀಸ್, ಪ್ರಾಸಿಕ್ಯೂಷನ್ ವ್ಯವಸ್ಥೆ ಬದಲಾಯಿತು, ಹೊಸ ಕಾನೂನುಗಳು ಬಂದವು. 2025ರಲ್ಲಿ ಸಾಂವಿಧಾನಿಕ ನ್ಯಾಯಾಲಯ, ಪ್ರಾಸಿಕ್ಯೂಟರ್ ಹೆಸರನ್ನು ಜನಸಭೆ ಸೂಚಿಸುವ ಪದ್ಧತಿ ಸಂವಿಧಾನಕ್ಕೆ ಹೊಂದುವುದಿಲ್ಲ ಎಂದಿತು. ಪ್ರಾಸಿಕ್ಯೂಟರ್ ರಾಜಕೀಯದಿಂದ ದೂರ ಇರಬೇಕು ಎಂಬ ತತ್ವ ಸರಿಯೇ. ಆದರೆ 30 ವರ್ಷದ ಹಿಂದೆ ಕೈಕುಲುಕಿ ಕೊಟ್ಟ ಮಾತುಗಳು ಒಂದೊಂದಾಗಿ ಕಡಿಮೆಯಾಗುತ್ತಾ ಹೋದರೆ, ಒಪ್ಪಂದದ ಇನ್ನೊಂದು ಪಕ್ಷದವರಿಗೆ ಏನನ್ನಿಸಬೇಡ?

ಇದು ಈಗಿನ ಅಧ್ಯಕ್ಷೆ ಮಾಯಾ ಸಾಂದು ಅವರ ಕಾಲದಲ್ಲಿ ಶುರುವಾದದ್ದಲ್ಲ ಎಂಬುದನ್ನು ಒತ್ತಿ ಹೇಳಬೇಕು. 2002ರಲ್ಲಿ ಕಿಶಿನೌನಲ್ಲಿ ಇದ್ದದ್ದು ರಷ್ಯಾ ಜೊತೆ ಚೆನ್ನಾಗಿದ್ದ ಕಮ್ಯುನಿಸ್ಟ್ ಸರ್ಕಾರ. ಆಗಿನ ಬಾಷ್ಕಾನ್ ದುಮಿತ್ರು ಕ್ರೊಯಿತೊರ್ ಆ ಸರ್ಕಾರಕ್ಕೆ ಬೇಡವಾಗಿದ್ದರು. ಅವರನ್ನು ಕೆಳಗಿಳಿಸಲು ಜನಮತ ಸಂಗ್ರಹದ ಪ್ರಯತ್ನ ನಡೆಯಿತು, ಒತ್ತಡ ಬಂತು, ಕೊನೆಗೆ ಅವರು ರಾಜೀನಾಮೆ ಕೊಟ್ಟರು. ಅಂದರೆ ಕೇಂದ್ರದಲ್ಲಿ ಯುರೋಪ್ ಪರ ಸರ್ಕಾರ ಇರಲಿ, ರಷ್ಯಾ ಪರ ಸರ್ಕಾರ ಇರಲಿ, ಕೊಮ್ರಾತ್‌ನಲ್ಲಿ ತಮಗೆ ಒಗ್ಗುವವರೇ ಇರಬೇಕು ಎಂಬ ಆಸೆ ಒಂದೇ. ಜಗಳವನ್ನು ಬರೀ ಪೂರ್ವ-ಪಶ್ಚಿಮದ ಜಗಳ ಎಂದು ನೋಡಿದರೆ ಇದು ಕಣ್ಣಿಗೆ ಬೀಳುವುದಿಲ್ಲ.

ಈಗ ನಿಮ್ಮ ಎರಡನೇ ಪ್ರಶ್ನೆ: ತುರ್ಕಿ ಭಾಷೆಯವರು ರಷ್ಯಾ ಕಡೆ ಯಾಕೆ? ಇತಿಹಾಸದ ಕಾರಣ ಮೇಲೆ ಹೇಳಿದೆ. ಅದಕ್ಕಿಂತ ದೊಡ್ಡ ಕಾರಣ ಶಾಲೆ.

ಗಗೌಜ್ ಭಾಷೆಗೆ ಅಕ್ಷರ ಕೊಟ್ಟು ಬರೆದವರಲ್ಲಿ ಮೊದಲ ದೊಡ್ಡ ಹೆಸರು ಮಿಹಾಯಿಲ್ ಚಾಕಿರ್ ಎಂಬ ಪಾದ್ರಿಯದು. ಅವರ ಕಾಲ 1861ರಿಂದ 1938. ಪ್ರಾರ್ಥನೆ ಪುಸ್ತಕಗಳನ್ನು ತಮ್ಮ ಜನರ ಭಾಷೆಗೆ ತಂದರು, ಅವರ ಇತಿಹಾಸವನ್ನೂ ಅವರ ಭಾಷೆಯಲ್ಲೇ ಬರೆದರು. 1957ರಲ್ಲಿ ಸೋವಿಯತ್ ಸರ್ಕಾರ ಸಿರಿಲಿಕ್ ಲಿಪಿಯಲ್ಲಿ ಅಧಿಕೃತ ವರ್ಣಮಾಲೆ ಕೊಟ್ಟಿತು. ಮರುವರ್ಷದಿಂದ ಪ್ರಾಥಮಿಕ ಶಾಲೆಗಳಲ್ಲಿ ಗಗೌಜ್ ಕಲಿಸಲು ಶುರುಮಾಡಿದರು. ಕೆಲವೇ ವರ್ಷಗಳಲ್ಲಿ ಅದನ್ನು ನಿಲ್ಲಿಸಿಬಿಟ್ಟರು. ಆಮೇಲೆ ಪೂರ್ತಿ ರಷ್ಯನ್ ಮಾಧ್ಯಮ. ಎರಡು ಪೀಳಿಗೆ ಹಾಗೇ ಓದಿತು. 1990ರ ದಶಕದಲ್ಲಿ ಲ್ಯಾಟಿನ್ ಲಿಪಿಗೆ ಬದಲಾದಾಗ, ಇದ್ದ ಸ್ವಲ್ಪ ಓದುಗರಿಗೂ ಹೊಸದಾಗಿ ಕಲಿಯಬೇಕಾಯಿತು.

ಸ್ವಾಯತ್ತತೆ ಬಂದ ಮೇಲೆ ಏನಾಯಿತು? ಇಲ್ಲಿ ನನಗೆ ಕೊಮ್ರಾತ್‌ನ ನಾಯಕರ ಮೇಲೆ ನಿಜಕ್ಕೂ ಸಿಟ್ಟಿದೆ. ಶಿಕ್ಷಣದ ಅಧಿಕಾರ ಕೈಯಲ್ಲಿತ್ತು. ಬಜೆಟ್ ಕೈಯಲ್ಲಿತ್ತು. ಆದರೂ ಶಾಲೆಗಳಲ್ಲಿ ಕಲಿಸುವ ಮಾಧ್ಯಮ ರಷ್ಯನ್ ಆಗಿಯೇ ಉಳಿಯಿತು. ಗಗೌಜ್ ಒಂದು ವಿಷಯವಾಗಿ ವಾರಕ್ಕೆ ಕೆಲವು ಪಿರಿಯಡ್ ಮಾತ್ರ. ಜನಸಭೆಯ ಚರ್ಚೆ ರಷ್ಯನ್‌ನಲ್ಲಿ, ಕಡತ ರಷ್ಯನ್‌ನಲ್ಲಿ, ಟಿ.ವಿ. ಹೆಚ್ಚಾಗಿ ರಷ್ಯನ್‌ನಲ್ಲಿ. ಇವತ್ತು ಯುನೆಸ್ಕೊ ಪಟ್ಟಿಯಲ್ಲಿ ಗಗೌಜ್ ಅಳಿವಿನ ಅಪಾಯದಲ್ಲಿರುವ ಭಾಷೆ. ಮನೆಯಲ್ಲಿ ಅಜ್ಜಿ ಗಗೌಜ್‌ನಲ್ಲಿ ಮಾತಾಡಿದರೆ ಮೊಮ್ಮಗ ರಷ್ಯನ್‌ನಲ್ಲಿ ಉತ್ತರ ಕೊಡುವುದು ಪಟ್ಟಣಗಳಲ್ಲಿ ಮಾಮೂಲಿಯಾಗಿದೆ. ಸಣ್ಣ ಭಾಷೆಯೊಂದನ್ನು ಉಳಿಸಲು ಕಾನೂನಿನ ಬಲ ಸಿಗುವುದು ಲೋಕದಲ್ಲಿ ಬಹಳ ಅಪರೂಪ. ಅದು ಸಿಕ್ಕಿಯೂ ಬಳಸಲಿಲ್ಲ. ಕಿಶಿನೌ ಕೂಡ ರೊಮೇನಿಯನ್ ಕಲಿಸಲು ಒಳ್ಳೆಯ ಮೇಷ್ಟ್ರುಗಳನ್ನೋ ಪುಸ್ತಕಗಳನ್ನೋ ಸರಿಯಾಗಿ ಕಳಿಸಲಿಲ್ಲ. ಹೀಗಾಗಿ ಇಲ್ಲಿ ಓದಿದ ಹುಡುಗ ಹುಡುಗಿಯರಿಗೆ ರಾಜಧಾನಿಯಲ್ಲಿ ಕೆಲಸ ಸಿಗುವುದು ಕಷ್ಟ, ಮಾಸ್ಕೋದಲ್ಲಿ ಸುಲಭ. ಹೀಗಿರುವಾಗ ಅವರ ಸುದ್ದಿ, ಸಿನಿಮಾ, ಅಭಿಪ್ರಾಯ ಎಲ್ಲವೂ ರಷ್ಯನ್‌ನಲ್ಲೇ ಬರುವುದರಲ್ಲಿ ಆಶ್ಚರ್ಯ ಏನಿದೆ?

ತುರ್ಕಿಯೂ ಸುಮ್ನೆ ಕೂತಿಲ್ಲ. ಕುಡಿಯುವ ನೀರಿನ ಯೋಜನೆ, ಗ್ರಂಥಾಲಯ, ವಿದ್ಯಾರ್ಥಿವೇತನ, ಆಸ್ಪತ್ರೆಗೆ ನೆರವು ಕೊಟ್ಟಿದೆ. 2018ರಲ್ಲಿ ಎರ್ದೋಗನ್ ಕೊಮ್ರಾತ್‌ಗೆ ಬಂದರು. ಯುರೋಪಿಯನ್ ಒಕ್ಕೂಟದ ಹಣದಿಂದಲೂ ಶಾಲೆ, ರಸ್ತೆ ರಿಪೇರಿ ಆಗಿದೆ. ಆದರೆ ಹಣ ಕೊಟ್ಟವರಿಗೆಲ್ಲ ಮತ ಬರುವುದಿಲ್ಲ.

ಮತದ ಲೆಕ್ಕ ನೋಡಿದರೆ ಗಾಬರಿಯಾಗುತ್ತದೆ. 2014ರ ಫೆಬ್ರವರಿ 2ರಂದು ಕೊಮ್ರಾತ್ ತನ್ನದೇ ಜನಮತ ಸಂಗ್ರಹ ನಡೆಸಿತು. ಕೇಂದ್ರ ಅದು ಅಕ್ರಮ ಎಂದಿತು. ಶೇ 98ರಷ್ಟು ಮಂದಿ ರಷ್ಯಾ ನೇತೃತ್ವದ ಸುಂಕ ಒಕ್ಕೂಟದ ಪರ ಮತ ಹಾಕಿದರು. ಮೊಲ್ಡೋವಾದ ವೈನ್‌ಗೆ ರಷ್ಯಾ 2013ರಲ್ಲೇ ಬಾಗಿಲು ಹಾಕಿತ್ತು; 2014ರಲ್ಲಿ ಮೊಲ್ಡೋವಾ ಯುರೋಪ್ ಜೊತೆ ಒಪ್ಪಂದಕ್ಕೆ ಸಹಿ ಹಾಕಿದ ಮೇಲೆ ಹಣ್ಣಿಗೂ ಬಾಗಿಲು ಹಾಕಿತು. ಗಗೌಜ್ ಕಂಪನಿಗಳಿಗೆ ಮಾತ್ರ ಆಮೇಲೆ ವಿನಾಯಿತಿ ಕೊಟ್ಟಿತು. 2022ರಲ್ಲಿ ಉಕ್ರೇನ್ ಮೇಲೆ ರಷ್ಯಾ ದಾಳಿ ಮಾಡಿದ ನಂತರ ಮೊಲ್ಡೋವಾ ಸಂಸತ್ತು ರಷ್ಯಾದ ಸೈನಿಕ ವಿಜಯದ ಗುರುತಾದ ಸೇಂಟ್ ಜಾರ್ಜ್ ರಿಬ್ಬನ್ ಧರಿಸುವುದನ್ನು ನಿಷೇಧಿಸಿದರೆ, ಕೊಮ್ರಾತ್‌ನ ಜನಸಭೆ ಅದಕ್ಕೆ ಅನುಮತಿ ಕೊಟ್ಟು ತನ್ನದೇ ಕಾನೂನು ಮಾಡಿತು. 2024ರ ಅಕ್ಟೋಬರ್‌ನಲ್ಲಿ ಯುರೋಪಿಯನ್ ಒಕ್ಕೂಟದ ಗುರಿಯನ್ನು ಸಂವಿಧಾನಕ್ಕೆ ಸೇರಿಸುವ ಮತದಾನ ನಡೆಯಿತು. ಇಡೀ ದೇಶದಲ್ಲಿ ಅದು ಕೂದಲೆಳೆಯಲ್ಲಿ ಗೆದ್ದಿತು. ಗಗೌಜಿಯಾದಲ್ಲಿ ಪರವಾಗಿ ಬಿದ್ದದ್ದು ಶೇ 5ರಷ್ಟು ಮಾತ್ರ. ಅದಾದ ಎರಡು ವಾರಕ್ಕೆ ನಡೆದ ಅಧ್ಯಕ್ಷ ಚುನಾವಣೆಯ ಎರಡನೇ ಸುತ್ತಿನಲ್ಲಿ ಸಾಂದು ಅವರಿಗೆ ಇಲ್ಲಿ ಸಿಕ್ಕಿದ್ದು ಶೇ 3ರ ಆಸುಪಾಸು. ಅವರ ಎದುರು ನಿಂತಿದ್ದ ಅಲೆಕ್ಸಾಂಡರ್ ಸ್ತೊಯಾನೊಗ್ಲೊ ಕೊಮ್ರಾತ್‌ನಲ್ಲಿ ಹುಟ್ಟಿದ ಗಗೌಜ್ ಎಂಬುದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು.

ಇನ್ನು ಜೈಲು ಸುದ್ದಿ. 2023ರ ಬಾಷ್ಕಾನ್ ಚುನಾವಣೆಗೆ 8 ಮಂದಿ ನಿಂತಿದ್ದರು. ಗೆದ್ದವರು ಎವ್ಗೇನಿಯಾ ಗುತ್ಸುಲ್. ಅದುವರೆಗೆ ಅವರ ಹೆಸರು ಹೆಚ್ಚು ಜನರಿಗೆ ಗೊತ್ತಿರಲಿಲ್ಲ. ಅವರ ಹಿಂದೆ ಇದ್ದದ್ದು ಇಲಾನ್ ಶೋರ್. ಮೊಲ್ಡೋವಾದ ಬ್ಯಾಂಕುಗಳಿಂದ ಸುಮಾರು 100 ಕೋಟಿ ಡಾಲರ್ ಮಾಯವಾದ 2014ರ ಹಗರಣದಲ್ಲಿ ಶಿಕ್ಷೆಯಾಗಿ, ದೇಶ ಬಿಟ್ಟು ಓಡಿಹೋದ ಉದ್ಯಮಿ. ಗೆದ್ದ ಮರುತಿಂಗಳೇ ಸಾಂವಿಧಾನಿಕ ನ್ಯಾಯಾಲಯ ಶೋರ್ ಅವರ ಪಕ್ಷವನ್ನು ಸಂವಿಧಾನ ವಿರೋಧಿ ಎಂದು ರದ್ದು ಮಾಡಿತು. ಬಾಷ್ಕಾನ್‌ರನ್ನು ಅಧ್ಯಕ್ಷರ ಆದೇಶದ ಮೂಲಕ ಸಚಿವ ಸಂಪುಟಕ್ಕೆ ಸೇರಿಸಬೇಕು ಎಂದು 1994ರ ಕಾನೂನು ಹೇಳುತ್ತದೆ. ಸಾಂದು ಆ ಆದೇಶಕ್ಕೆ ಸಹಿ ಹಾಕಲಿಲ್ಲ. ಅಧ್ಯಕ್ಷರು ನಿರಾಕರಿಸಬಹುದೇ? ಕಾನೂನು ಅದರ ಬಗ್ಗೆ ಏನೂ ಹೇಳುವುದಿಲ್ಲ. ಬರೆಯದೆ ಬಿಟ್ಟ ಜಾಗ ಎಂದೆನಲ್ಲ, ಅದಕ್ಕೆ ಇದಕ್ಕಿಂತ ಸ್ಪಷ್ಟ ಉದಾಹರಣೆ ಬೇಡ.

ಗುತ್ಸುಲ್ 2024ರ ಮಾರ್ಚ್‌ನಲ್ಲಿ ರಷ್ಯಾಕ್ಕೆ ಹೋಗಿ ಪುಟಿನ್ ಅವರನ್ನು ಭೇಟಿ ಮಾಡಿದರು. ರಷ್ಯಾದ ಮೀರ್ ಎಂಬ ಬ್ಯಾಂಕ್ ಕಾರ್ಡ್ ಮೂಲಕ ಪಿಂಚಣಿದಾರರಿಗೆ, ಸರ್ಕಾರಿ ನೌಕರರಿಗೆ ತಿಂಗಳಿಗೆ 2,000 ಲೆಯಿ (ಮೊಲ್ಡೋವಾದ ಹಣ) ಕೊಡಿಸುವ ಯೋಜನೆ ತಂದರು. ಸಣ್ಣ ಪಿಂಚಣಿಯಲ್ಲಿ ಬದುಕುವ ಅಜ್ಜಿಗೆ ಅದು ದೊಡ್ಡ ಮೊತ್ತ. ಅವರನ್ನು ಮಾರಾಟವಾದವರು ಎಂದು ಬೈಯುವುದು ಸುಲಭ, ಆದರೆ ಅನ್ಯಾಯ. 2025ರ ಮಾರ್ಚ್‌ನಲ್ಲಿ ಗುತ್ಸುಲ್ ಅವರನ್ನು ಕಿಶಿನೌ ವಿಮಾನ ನಿಲ್ದಾಣದಲ್ಲಿ ಬಂಧಿಸಿದರು. ಆಗಸ್ಟ್ 5ರಂದು 7 ವರ್ಷ ಶಿಕ್ಷೆ ಆಯಿತು. 2019ರಿಂದ 2022ರವರೆಗೆ ಶೋರ್ ಪಕ್ಷದ ಕಚೇರಿಯಲ್ಲಿ ಕೆಲಸ ಮಾಡುವಾಗ ರಷ್ಯಾದಿಂದ ಅಕ್ರಮ ಹಣ ತಂದು ಪಕ್ಷ ನಡೆಸಿದರು ಎಂಬುದು ಆರೋಪ. ಅವರು ಅದನ್ನು ಅಲ್ಲಗಳೆಯುತ್ತಾರೆ.

ನನ್ನ ಅಭಿಪ್ರಾಯ ಕೇಳಿದರೆ, ಎರಡು ಪ್ರಶ್ನೆಗಳನ್ನು ಬೇರೆ ಬೇರೆ ಇಡಬೇಕು. ಹೊರದೇಶದ ಕಪ್ಪುಹಣದಲ್ಲಿ ಪಕ್ಷ ನಡೆಸುವುದನ್ನು ಯಾವ ದೇಶವೂ ಬಿಡಬಾರದು. ಶೋರ್ ಜಾಲ ಮತ ಖರೀದಿಗೆ ಹಣ ಸುರಿದದ್ದರ ಬಗ್ಗೆ ಮೊಲ್ಡೋವಾ ಪೊಲೀಸರು ತೋರಿಸಿದ ಮಾಹಿತಿ ಸಣ್ಣದಲ್ಲ. 2024ರಲ್ಲಿ ಇಡೀ ದೇಶದಲ್ಲಿ 1.3 ಲಕ್ಷ ಮತದಾರರಿಗೆ ಆ ಹಣ ತಲುಪಿದೆ ಎಂದು ಅವರು ಹೇಳಿದರು. ಹಾಗಾಗಿ ವಿಚಾರಣೆ ಆಗಬೇಕಾದದ್ದೇ. ಆದರೆ ಒಬ್ಬ ವ್ಯಕ್ತಿಯ ಅಪರಾಧವನ್ನೂ ಇಡೀ ಪ್ರಾಂತ್ಯದ ಹಕ್ಕನ್ನೂ ಒಂದೇ ಗಂಟು ಕಟ್ಟಬಾರದು. ಗುತ್ಸುಲ್ ಮೇಲೆ ಕೇಸು ನಡೆಯುತ್ತಿದ್ದ ಅದೇ ತಿಂಗಳುಗಳಲ್ಲಿ ತೆರಿಗೆ, ಪ್ರಾಸಿಕ್ಯೂಟರ್ ನೇಮಕ ಎಲ್ಲದರಲ್ಲೂ ಕೊಮ್ರಾತ್ ಹಿಂದೆ ಸರಿಯಬೇಕಾಯಿತು. ಹಳ್ಳಿಯವರಿಗೆ ಎರಡೂ ಒಂದೇ ದಾಳಿಯಂತೆ ಕಂಡಿತು. ಶೋರ್ ಮತ್ತು ಮಾಸ್ಕೋಗೆ ಬೇಕಾಗಿದ್ದದ್ದೂ ಅದೇ. 2025ರ ಸೆಪ್ಟೆಂಬರ್ 28ರ ಸಂಸತ್ ಚುನಾವಣೆಯಲ್ಲಿ ಸಾಂದು ಪಕ್ಷ ದೇಶದಲ್ಲಿ ಬಹುಮತ ಪಡೆಯಿತು. ಗಗೌಜಿಯಾದಲ್ಲಿ ಮತ್ತೆ ಶೇ 3ರ ಆಸುಪಾಸಿನಲ್ಲೇ ನಿಂತಿತು.

ಕೊನೆಯ ಪ್ರಶ್ನೆ, ಪ್ರತ್ಯೇಕ ದೇಶ ಆಗುತ್ತಾ? ನನಗೆ ಹಾಗೆ ಅನ್ನಿಸುವುದಿಲ್ಲ. ರಷ್ಯಾ ಜೊತೆ ಗಡಿ ಇಲ್ಲ, ಸಮುದ್ರ ಇಲ್ಲ, ಸೈನ್ಯ ಇಲ್ಲ. ಸುತ್ತ ಇರುವುದು ಮೊಲ್ಡೋವಾ ಮತ್ತು ಉಕ್ರೇನ್. ನಾಲ್ಕು ತುಂಡಿನ ನೆಲಕ್ಕೆ ಗಡಿ ಕಾಯುವುದೇ ಅಸಾಧ್ಯ. ಪಿಂಚಣಿ, ವಿದ್ಯುತ್, ಗ್ಯಾಸ್ ಎಲ್ಲ ಕಿಶಿನೌ ಮೂಲಕವೇ ಬರಬೇಕು. ಅಲ್ಲಿಯ ರೈತರ ಮತ್ತು ಕಾರ್ಖಾನೆಗಳ ಸರಕು ಈಗ ಯುರೋಪ್ ಮಾರುಕಟ್ಟೆಗೂ ಹೋಗುತ್ತದೆ. ತುರ್ಕಿ ಪ್ರತ್ಯೇಕತೆಯನ್ನು ಒಪ್ಪುವುದಿಲ್ಲ, ಅದರ ನಿಲುವು 1994ರಿಂದ ಬದಲಾಗಿಲ್ಲ. ಬಹುಪಾಲು ಗಗೌಜರು ಕೇಳುತ್ತಿರುವುದೂ ಪ್ರತ್ಯೇಕ ದೇಶವನ್ನಲ್ಲ, 1994ರ ಕಾನೂನನ್ನು ಬರೆದ ಹಾಗೆ ಪಾಲಿಸಿ ಎಂದು.

ನನಗೆ ಇರುವ ಭಯ ಬೇರೆ. ಸ್ವಾಯತ್ತತೆಯನ್ನು ಯಾರೂ ಅಧಿಕೃತವಾಗಿ ರದ್ದು ಮಾಡುವುದಿಲ್ಲ. ಒಂದು ತೀರ್ಪು, ಒಂದು ತೆರಿಗೆ ತಿದ್ದುಪಡಿ, ಒಂದು ನೇಮಕ ಹೀಗೆ ಒಳಗಿಂದ ಖಾಲಿಯಾಗುತ್ತಾ ಹೋಗಬಹುದು. ಅತ್ತ ಕೊಮ್ರಾತ್‌ನಲ್ಲಿ, ಆಡಳಿತ ನಡೆಸುವುದಕ್ಕಿಂತ ಜಗಳ ಮಾಡುವುದರಲ್ಲೇ ಮತ ಇದೆ ಎಂದು ಕಂಡುಕೊಂಡವರು ಬರುತ್ತಲೇ ಇರುತ್ತಾರೆ. ದಾರಿ ಇಲ್ಲ ಅಂತೇನಿಲ್ಲ. 2015ರಲ್ಲಿ ಸಂಸತ್ತು ಮತ್ತು ಜನಸಭೆಯ ಸದಸ್ಯರ ಒಂದು ಜಂಟಿ ಕಾರ್ಯಗುಂಪು ಮಾಡಿದ್ದರು. ಒಂದೊಂದೇ ಕಾನೂನನ್ನು ಎದುರಿಗಿಟ್ಟುಕೊಂಡು ಯಾರ ಅಧಿಕಾರ ಎಲ್ಲಿಯವರೆಗೆ ಎಂದು ಮಾತಾಡುವ ಜಾಗ ಅದು. ಅದಕ್ಕೆ ಶಕ್ತಿ ತುಂಬಿ ಮತ್ತೆ ಕೂರಿಸಬೇಕು. ಸಂಸತ್ತಿನಲ್ಲಿ ಗಗೌಜಿಯಾಗೆ ಒಂದೆರಡು ಖಾಯಂ ಸ್ಥಾನ ಕೊಡಬಹುದು. ಗಗೌಜ್ ಮಾಧ್ಯಮದ ಶಿಶುವಿಹಾರಗಳಿಗೆ ಹಣವನ್ನು ಕೇಂದ್ರವೇ ಮುಂದೆ ನಿಂತು ಕೊಟ್ಟರೆ, ನಿಮ್ಮ ಭಾಷೆಗೆ ನಾವು ಶತ್ರುಗಳಲ್ಲ ಎಂದು ಭಾಷಣ ಮಾಡುವ ಅಗತ್ಯವೇ ಇರುವುದಿಲ್ಲ.

ಮುಂದೆ ಈ ಸುದ್ದಿ ಓದುವಾಗ ಪುಟಿನ್ ಏನಂದರು, ಸಾಂದು ಏನಂದರು ಎಂಬುದಕ್ಕಿಂತ ಮೂರು ವಿಷಯ ಗಮನಿಸಿ. ಹೊಸದಾಗಿ ಆಯ್ಕೆಯಾಗುವ ಬಾಷ್ಕಾನ್‌ಗೆ ಸಚಿವ ಸಂಪುಟದಲ್ಲಿ ಕುರ್ಚಿ ಸಿಗುತ್ತದೆಯೇ, ಜನಸಭೆಯ ಚುನಾವಣೆ ಯಾರ ನಿಯಮದಡಿ ನಡೆಯುತ್ತದೆ, ತೆರಿಗೆ ಹಣ ಹಂಚುವ ನಿಯಮವನ್ನು ಎರಡೂ ಕಡೆಯವರು ಸೇರಿ ಬರೆಯುತ್ತಾರೆಯೇ. ಈ ಮೂರರಲ್ಲಿ ಒಂದಕ್ಕಾದರೂ ಒಪ್ಪಂದ ಆದರೆ, ಉಳಿದದ್ದಕ್ಕೆ ಮಾತುಕತೆ ಶುರುವಾಗುವ ಸಾಧ್ಯತೆ ಇದೆ.